ಒದ್ದೆ ಕಾಗದದ ಮುದ್ದೆ

ಬರ್ಕೊಳ್ಳಿ ಟೈಪ್ ಬಾಬು.
‘ಮೃತನು’ ಅಂತ ಬೇಡ, ಶ್ರೀದಾಮ ಮಾಲೋ ಅಂತ ಹಾಕಿ.
ಹೈಕೋರ್ಟಿಗೆ ಹಾಗೆ ಬರೆಯುವಂತಿಲ್ಲವೇ? ಸರಿ,
ಎರಡನ್ನೂ ಹಾಕಿ. ಪುಟದ ದುಡ್ಡು ಹೇಗೂ ನನ್ನದೇ.

ನೈಹಾಟಿಯಲ್ಲಿ ಬೆಳಗಿನ ಜಾವ ಮೂರಕ್ಕೆ
ಮೀನುಮರಿ ಕೊಂಡರು, ರೋಹು, ಕಾತ್ಲಾ,
ಸಾಸಿವೆಗಿಂತ ಒಂಚೂರು ದೊಡ್ಡವು, ಬರೀ ಕಣ್ಣು.
ಅಲ್ಯೂಮಿನಿಯಂ ಹಂಡೆಯ ತುಂಬ.
ಆ ನೀರನ್ನು ಅಂಗೈಯಿಂದ ತಟ್ಟುತ್ತಲೇ ಇರಬೇಕು
ಥಪ್ ಥಪ್ ಥಪ್
ಕಾಟ್ವಾ ಮುಟ್ಟುವ ತನಕ.
ತಟ್ಟಿದರೆ ಗಾಳಿ, ಗಾಳಿಯಿದ್ದರೆ ಮರಿ.
ಕೈ ನಿಂತರೆ ಅರ್ಧ ಗಂಟೆಯಲ್ಲಿ
ಬೆಳ್ಳಗೆ ಮೇಲೆ ಬರುತ್ತವೆ, ಅಕ್ಕಿ ತೊಳೆದ ನೀರಿನ ಹಾಗೆ.
ಬೀಡಿ ಹಚ್ಚಲಿಕ್ಕೂ ಇನ್ನೊಬ್ಬರ ಬೆರಳು ಬೇಕು.

ತೀರ್ಪಿನಲ್ಲಿ ಬರೆದಿದ್ದಾರಲ್ಲ,
‘ತನ್ನದೇ ಅಜಾಗರೂಕತೆಯಿಂದ ಬಾಗಿಲಲ್ಲಿ ನಿಂತಿದ್ದನು’ ಎಂದು,
ಒಳಗೆ ಬಿಡುತ್ತಾರೆಯೇ ಹಂಡೆಯನ್ನು ಯಾರಾದರೂ?
ನೀರು ಚೆಲ್ಲುತ್ತದೆ, ನಾತ, ಸೀರೆ ಕೆಡುತ್ತದೆ,
ಆಚೆ ಹೋಗು ಅನ್ನುತ್ತಾರೆ.
ಆಚೆ ಅಂದರೆ ಬಾಗಿಲು.
ಬಾಗಿಲಿನ ಆಚೆ, ಜಿರಾಟ್ ದಾಟಿದ ಮೇಲಿನ ತಿರುವು.

ಈಗ ಟಿಕೆಟ್ಟಿನ ಮಾತು.
ಇರಲಿಲ್ಲ ಅಂದಿದೆ ನ್ಯಾಯಮಂಡಳಿ. ಆದ್ದರಿಂದ ಅವರು
ಪ್ರಯಾಣಿಕರೇ ಅಲ್ಲವಂತೆ.
ಹಳಿ ದಾಟುತ್ತಿದ್ದವನೋ, ದನ ಅಟ್ಟುತ್ತಿದ್ದವನೋ,
ಯಾರೋ.
ಪಂಚನಾಮೆಯ ನಕಲು ಇಗೋ. ಮಗಳು ಓದಿ ಹೇಳಿದಳು,
ಐದನೇ ಕ್ಲಾಸು,
‘ಶವದ’ ಅನ್ನುವಲ್ಲಿ ತಡವರಿಸಿದಳು ಅಷ್ಟೆ:
ಗಮಛಾ ಒಂದು. ನಲವತ್ಮೂರು ರೂಪಾಯಿ. ಬೀಡಿಕಟ್ಟು, ನೆನೆದದ್ದು.
ಸೊಂಟದ ಗಂಟಿನಲ್ಲಿ ಒದ್ದೆ ಕಾಗದದ ಮುದ್ದೆ, ಓದಲಾಗದ್ದು.

ಓದಲಾಗದ್ದು ಅಂದರೆ ಇಲ್ಲದ್ದು ಅಂತಲೇ?
ಹಾಗಾದರೆ ನನಗೆ ಓದಲಾಗದ ಅವರ ತೀರ್ಪೂ
ಇಲ್ಲವೇ ಇಲ್ಲ ಅನ್ನಲೇ?
ಮೊಣಕೈವರೆಗೆ ನೀರಲ್ಲಿ ಬದುಕುವವರ ಟಿಕೆಟ್ಟು
ಗರಿಗರಿಯಾಗಿರುವುದು ಹೇಗೆ, ಬಾಬು.
ನಮ್ಮ ರೇಷನ್ ಕಾರ್ಡನ್ನೇ ತಂದು ತೋರಿಸಲೇ?
ಅರ್ಧ ಹೆಸರು ಇಂಗಿಹೋಗಿದೆ.

ಸಾಕ್ಷಿ ಇದ್ದಾನೆ. ಕಾಶೆಮ್ ಶೇಖ್, ಜೊತೆಯವನು.
ಅವನನ್ನು ಕೇಳಿದರು: ಬಿದ್ದದ್ದನ್ನು ಕಂಡೂ
ಸರಪಳಿ ಯಾಕೆ ಎಳೆಯಲಿಲ್ಲ?
ಅವನು ತಲೆ ತಗ್ಗಿಸಿದ.
‘ಸಾಕ್ಷಿಯು ನಿರುತ್ತರನು, ನಂಬಲರ್ಹನಲ್ಲ.’
ಆ ಉತ್ತರ ನನಗೆ ಹೇಳಿದ್ದಾನೆ, ಹನ್ನೊಂದನೇ ದಿನ
ನಮ್ಮ ಅಂಗಳದಲ್ಲಿ, ಕೂರು ಅಂದರೂ ಕೂರದೆ:
ಬೌದಿ, ನನ್ನ ಎರಡು ಕೈಯೂ ನೀರಲ್ಲಿದ್ದವು.
ಒಂದು ನನ್ನ ಹಂಡೆಯಲ್ಲಿ.
ಇನ್ನೊಂದು, ಅವನು ಹೋದ ಕೂಡಲೇ,
ಅವನ ಹಂಡೆಯಲ್ಲಿ. ಯೋಚಿಸಲಿಲ್ಲ.
ಬಾಲಾಗಢದವರೆಗೂ ತಟ್ಟಿದೆ.

ಇದನ್ನು ಬರೆಯಬೇಡಿ.
ಬರೆದರೆ ಕೇಸಿಗೇ ಕೆಟ್ಟದು ಅನ್ನುತ್ತಾರೆ ವಕೀಲರು.
ಮರಿ ಮಾರಿದ ದುಡ್ಡು ಅವತ್ತೇ ಕೊಟ್ಟ,
ಆರುನೂರ ಇಪ್ಪತ್ತು. ಮೂರು ದಿನ ಮುಟ್ಟಲಿಲ್ಲ ನಾನು,
ಅವನ ಮುಖಕ್ಕೆ ಎಸೆಯಬೇಕಿತ್ತು ಅಂದುಕೊಂಡೆ.
ನಾಲ್ಕನೇ ದಿನ ಅಕ್ಕಿ ತಂದೆ.

ಮೂರು ವರ್ಷವಾಯಿತು.
ಕಾಟ್ವಾದ ಯಾವುದೋ ಕೆರೆಯಲ್ಲಿ ಅವು ಎರಡು ಕಿಲೋ ತೂಗಿ,
ಯಾರೋ ಬಲೆ ಬೀಸಿ, ಉಪ್ಪು ಅರಿಶಿನ ಸವರಿ
ಸಾಸಿವೆ ಎಣ್ಣೆಯಲ್ಲಿ ಕರಿದು ತಿಂದೂ ಆಗಿರಬೇಕು.
ಕಡತ ಮಾತ್ರ ಇನ್ನೂ ಮರಿ.

ಎಂಟು ಲಕ್ಷವಂತೆ. ಅಷ್ಟು ಎಣಿಸಲು ನನಗೆ ಬಾರದು.
ಮೂವತ್ತರವರೆಗೆ ಬರುತ್ತದೆ.
ಹಿಂದಿನ ರಾತ್ರಿ ಇಪ್ಪತ್ತೈದು ರೂಪಾಯಿ, ಎಲ್ಲ ಚಿಲ್ಲರೆ,
ಟಿಕೆಟ್ಟಿಗೆ ಅಂತ ನಾನೇ ಎಣಿಸಿಕೊಟ್ಟೆ.
ಒಂದು ನಾಣ್ಯ ಸವೆದಿತ್ತು, ಕೌಂಟರಿನವನು ಬೇಡ ಅಂದಾನು ಅಂತ
ಬದಲಿಸಿ ಕೊಟ್ಟೆ.
ಇದನ್ನು ಬರೆಯಿರಿ.
ಅರ್ಜಿದಾರಳು ಅಂತಲೇ ಬರೆಯಿರಿ, ಅಡ್ಡಿಯಿಲ್ಲ,
ಆದರೆ ಸವೆದ ನಾಣ್ಯ ಬಿಡಬೇಡಿ.

ಅಕ್ಷರ ಯಾಕೆ ಓರೆಯಾಗುತ್ತಿದೆ ಅಂತೀರಾ?
ತಪ್ಪಾಯಿತು, ಮೇಜು ತಟ್ಟುತ್ತಿದ್ದದ್ದು ನಾನೇ.

ಹೆಬ್ಬೆಟ್ಟು ಎಲ್ಲಿ? ಇಲ್ಲಿ. ಮತ್ತೆ ಇಲ್ಲಿ.
ಸ್ವಲ್ಪ ಒಣಗಲಿ, ಊದುತ್ತೇನೆ.
ಗಂಗೆಯ ಕಡೆ ಮೋಡ ಕಟ್ಟಿದೆ ನೋಡಿ,
ನನ್ನ ನಕಲನ್ನು ಪ್ಲಾಸ್ಟಿಕ್ಕಿನಲ್ಲಿ ಸುತ್ತಿ ಕೊಡಿ.