ಕರೆಂಟಿನ ಬಾಡು

ಬೆಳಗಿನ ಐದೂವರೆ. ಮೆಂಫಿಸ್ಸಿನ ಅಡುಗೆಮನೆ.
ಹಂದಿಯ ಪಕ್ಕೆಲುಬಿನ ಬೆನ್ನಿಂದ ತೆಳುಪೊರೆಯನ್ನು
ಒದ್ದೆ ಕಾಲುಚೀಲದಂತೆ ಸುಲಿಯುತ್ತಾಳೆ ಅರ್ಲೀನ್.
ಕಂದು ಸಕ್ಕರೆ, ಉಪ್ಪು, ಮೆಣಸಿನ ಪುಡಿ;
ಮೇಲೆ ಒಂದು ಬಾಟಲಿ ಸಾಸು, ಅಂಗಡಿಯದೇ.

ಹಿತ್ತಿಲಲ್ಲಿ ರೂಫಸನ ಹೊಗೆಪೀಪಾಯಿ ತುಕ್ಕು ಹಿಡಿದಿದೆ.
ರಾತ್ರಿಯಿಡೀ ಕುರ್ಚಿ ಹಾಕಿಕೊಂಡು ಕೆಂಡ ಕಾಯುತ್ತಿದ್ದ ಮನುಷ್ಯ,
‘ಕರೆಂಟಿನಲ್ಲಿ ಬೆಂದದ್ದು ಬಾಡಲ್ಲ, ಪಥ್ಯ’ ಎನ್ನುತ್ತಿದ್ದ.
ಇರಲಿ. ಇವಳಿಗೆ ಆಸ್ಪತ್ರೆಯ ಹಾಸಿಗೆಬಟ್ಟೆ ಒಗೆಯುವುದಿದೆ.
ಸ್ಲೋ ಕುಕ್ಕರಿನ ಗುಂಡಿಯನ್ನು ಸಣ್ಣ ಉರಿಗೆ ತಿರುಗಿಸಿ
ಬಸ್ಸಿಗೆ ಓಡುತ್ತಾಳೆ.

ಸಂಜೆ ಬೀಗ ತೆಗೆದರೆ
ದಿನವಿಡೀ ಯಾರೋ ಮನೆಯಲ್ಲೇ ಇದ್ದಂತೆ ಘಮ.
ಇಕ್ಕಳದಿಂದ ಎತ್ತಿದಾಗ ಮೂಳೆಯಷ್ಟೇ ಬಂತು,
ಮಾಂಸ ಅಲ್ಲೇ ಉಳಿಯಿತು, ಜಗಳವಿಲ್ಲದೆ.

ಒಂದು ತುಂಡು ಪೀಪಾಯಿಯ ಮೇಲಿಟ್ಟು
‘ಈಗ ಹೇಳು ನೋಡೋಣ’ ಅಂದಳು.
ಪಕ್ಕದ ಮನೆಯ ಬೆಕ್ಕು ಬಂತು.
ತಕರಾರೆತ್ತಲಿಲ್ಲ.