ಹೊಳೆ ಮರಳು

ಎಂ-ಸ್ಯಾಂಡ್ ಬೇಡ ಮೇಡಂ, ಗಿಲಾಯಿಗೆ
ಹೊಳೆ ಮರಳೇ ಆಗಬೇಕು ಅಂದಿದ್ದ ಮೇಸ್ತ್ರಿ ಫಯಾಜ್.
ಹಾಗಾಗಿ ಒಂದು ರಾತ್ರಿ, ಕಡೂರಿನ ನಾಯಿಗಳೂ ಮಲಗಿದ ಮೇಲೆ,
ದೀಪ ಆರಿಸಿಕೊಂಡು ಬಂದ ಟ್ರ್ಯಾಕ್ಟರು
ವೇದಾವತಿಯ ಒಂದು ತುಂಡನ್ನು
ನನ್ನ ಸೈಟಿನ ಮುಂದೆ ಸುರಿದು ಹೋಯಿತು.
ರಸೀದಿ ಕೇಳಲಿಲ್ಲ ನಾನು,
ಹಗಲೆಲ್ಲ ಟಿಕೆಟ್ ಟಿಕೆಟ್ ಎನ್ನುವವಳು.

ಆಮೇಲೆ ಫಯಾಜನ ತಂಗಿ ಮದುವೆ, ಆಮೇಲೆ ಸಿಮೆಂಟಿನ ರೇಟು,
ಆಮೇಲೆ ನನಗೆ ನೈಟ್ ಹಾಲ್ಟಿನ ರೂಟು.
ರಾಶಿ ಬಿದ್ದಲ್ಲೇ ಬಿದ್ದಿತ್ತು.
ಬೀದಿ ಬೆಕ್ಕು ತನ್ನ ಕೆಲಸಕ್ಕೆ ಬಳಸಿತು.
ಮಕ್ಕಳು ಸುರಂಗ ಕೊರೆದರು.
ಯಾರೋ ಎರಡು ಬಾಂಡಲಿ ಕದ್ದರು.
ಕದ್ದದ್ದನ್ನು ಕದ್ದವರನ್ನು
ಬೈಯಲು ಬಾಯಿ ಬರಲಿಲ್ಲ.

ಉತ್ತರೆ ಮಳೆ ನಾಲ್ಕು ಹನಿ ಉದುರಿಸಿದ ವಾರಕ್ಕೆ
ನಲ್ಲಿ ಸೋರುವ ಮಗ್ಗುಲಲ್ಲಿ ಎರಡೆಲೆ.
ಕಳೆ ಅಂದುಕೊಂಡೆ. ಕೀಳಲು ಬಗ್ಗಲಿಲ್ಲ,
ಸೊಂಟ ನೋವಿತ್ತು, ಅಷ್ಟೇ ಕಾರಣ.
ದೀಪಾವಳಿಗೆ ಹೂವು.
ಪೂರಾ ಅರಿಶಿನವಲ್ಲ.
ಅರಿಶಿನಕ್ಕೆ ಸುಣ್ಣ ತಾಗಿ
ಇನ್ನೇನು ಕೆಂಪಾಗಬೇಕು ಅನ್ನುವ ಗಳಿಗೆ
ಗೆರೆಗೆರೆಯಾಗಿ ಅಲ್ಲೇ ನಿಂತಂತೆ.

ಜರಡಿ ಹಿಡಿದು ಬಂದ ಸೋಮ್ಲಿಬಾಯಿ
ಅದರ ಮುಂದೆ ಕುಕ್ಕರಗಾಲಲ್ಲಿ ಕೂತುಬಿಟ್ಟಳು.
"ಗಿಲಕಿ ಗಿಡ ಅಲ್ವಾ ಇದು!
ನಮ್ಮ ತಾಂಡ್ಯದ ಕೆಳಗೆ ಹೊಳೆ ಅಗಲ ಆಗ್ತದಲ್ಲ, ಅಲ್ಲಿ.
ನೀರು ಬಂದ ವರ್ಷ ಕಣ್ಣಿಗೆ ಹಳದಿ ಹೊಡೀತದೆ,
ಬರದ ವರ್ಷ ಹುಡುಕಿದರೂ ಒಂದಿಲ್ಲ.
ಬೀಜ ಕಲ್ಲಕ್ಕ, ಕಲ್ಲು.
ಎಲ್ಲಾದರೂ ಉಜ್ಜಿ ಗಾಯ ಆಗದೆ
ಕಣ್ಣು ಬಿಡೋದಿಲ್ಲ."

ಹೊಳೆ ಮಾಡಬೇಕಿದ್ದ ಗಾಯ
ಸಲಿಕೆ ಮಾಡಿತ್ತು.

ಪಿಯುಸಿ ಓದುವ ತಂಗಿಮಗಳು ಒಂದು ಹೂ ಬಿಡಿಸಿ ತೋರಿಸಿದಳು.
ಹಿಂದೆ ನಿಂತದ್ದು ಬಾವುಟ, ಅಕ್ಕಪಕ್ಕ ರೆಕ್ಕೆ,
ಒಳಗೆ ಮುಚ್ಚಿಕೊಂಡದ್ದು ದೋಣಿ.
ಪುಸ್ತಕದಲ್ಲೇ ಹಾಗಿದೆ ದೊಡ್ಡಮ್ಮ, ನಾನು ಕಟ್ಟಿದ್ದಲ್ಲ.
ವರ್ಷಕ್ಕೆ ಹತ್ತು ದಿನ ನೀರು ಕಾಣುವ ಹೊಳೆಯಲ್ಲಿ
ಹೂವಿಗೊಂದು ದೋಣಿ!
ನಗಬೇಕೆಂದುಕೊಂಡೆ. ಅವಳು ಉಗುರಿನಲ್ಲಿ ಸೀಳಿದ ದೋಣಿಯಿಂದ
ಹುಡಿ ಅಂಟಿತ್ತು ಬೆರಳಿಗೆ.

ಗಿಲಾಯಿ ಶುರುವಾಯಿತು. ಸೋಮ್ಲಿಬಾಯಿ
ರಾಶಿಯನ್ನು ಆ ಕಡೆಯಿಂದ ತಿಂದಳು, ಈ ಕಡೆಯಿಂದ ತಿಂದಳು,
ಗಿಡದ ಬುಡಕ್ಕೊಂದು ಸಣ್ಣ ದಿಬ್ಬ ಬಿಟ್ಟಳು.
ಇನ್ನು ಮೂರು ಬಾಂಡಲಿ ಬೇಕು ಅಂದ ಫಯಾಜ್.
ಇಲ್ಲ ಅಂದಳು.
ಅದೇನದು ಮತ್ತೆ? ಅಂದ.
ಅದು ಮರಳಲ್ಲ ಅಂದಳು.
ಅವನು ನನ್ನ ಮುಖ ನೋಡಿದ.
ನಾನು ಆಕಾಶ ನೋಡಿದೆ.

ಸಂಕ್ರಾಂತಿ ಹೊತ್ತಿಗೆ ಕಾಯಿ ಒಣಗಿ
ಗಾಳಿ ಬಂದಾಗೆಲ್ಲ ಗಿಡದ ತುಂಬ ಸಣ್ಣ ಜಗಳ.
ಕಪ್ಪು ಪಟ್ಟೆಯ ಚಿಟ್ಟೆಗಳು ಸತ್ತ ಕಡ್ಡಿಯನ್ನು ಕೆರೆಯುತ್ತ ಕೂರುತ್ತಿದ್ದವು,
ಏನು ಸಿಗುತ್ತಿತ್ತೋ.
ಒಂದು ಹಿಡಿ ಕಾಯಿ ಕಿತ್ತು ಟಿಕೆಟ್ ಚೀಲಕ್ಕೆ ಹಾಕಿಕೊಂಡೆ.
ಹೊಳೆಯ ಸೇತುವೆ ಮೇಲೆ ದಿನಕ್ಕೆ ನಾಲ್ಕು ಸಲ ಹಾಯುತ್ತೇನೆ,
ಕಿಟಕಿಯಿಂದ ಎಸೆದರಾಯಿತು,
ಲೆಕ್ಕ ಚುಕ್ತಾ.

ಒಂದು ಸಲವೂ ಆಗಲಿಲ್ಲ.
ಸೇತುವೆ ಬಂದಾಗಲೇ ಯಾರಿಗೋ ಪಾಸಿನ ತಕರಾರು,
ಯಾವಳಿಗೋ ವಾಂತಿ.
ಹೀಗೇ ಒಂದು ಸಂಜೆ ಮುದುಕನಿಗೆ ಎರಡು ರೂಪಾಯಿ ವಾಪಸು ಕೊಡಬೇಕು,
ಚೀಲಕ್ಕೆ ಕೈಹಾಕಿದರೆ ಸಿಕ್ಕಿದ್ದು ಕಾಯಿ.
ಚಿಲ್ಲರೆ ಇಲ್ಲ ಅಜ್ಜ ಅಂದೆ, ಸುಮ್ಮನೆ ತಮಾಷೆಗೆ
ಕಾಯಿಯನ್ನೇ ಅಂಗೈಗಿಟ್ಟೆ.
ಅವನು ನಗಲಿಲ್ಲ. ಕಿವಿಯ ಹತ್ತಿರ ಅಲ್ಲಾಡಿಸಿದ.
ಇನ್ನೊಮ್ಮೆ ಅಲ್ಲಾಡಿಸಿದ.
ಜುಬ್ಬದ ಜೇಬಿಗೆ ಹಾಕಿಕೊಂಡು
ಸೇತುವೆ ದಾಟಿದ ಮೊದಲ ಸ್ಟಾಪಿನಲ್ಲಿ ಇಳಿದು
ಹೊಳೆಯ ಕಡೆಗಲ್ಲ,
ಊರ ಕಡೆ ನಡೆದ.

ಎರಡು ರೂಪಾಯಿ ಇನ್ನೂ ಬಾಕಿ.
ನನ್ನ ಬಚ್ಚಲ ಹಿಂಗೋಡೆಗೆ ಮೂರು ಬಾಂಡಲಿಯಷ್ಟು ಗಿಲಾಯಿ ಇಲ್ಲ.
ಕರೆಂಟು ಹೋದ ರಾತ್ರಿ ತಡಕುತ್ತ ಹೋದರೆ
ಅಲ್ಲಿ ಇಟ್ಟಿಗೆ ಕೈಗೆ ತರಚುತ್ತದೆ.