ಎರಡಕ್ಷರದ ತಪ್ಪು

ಗದಗ-ಬೆಟಗೇರಿ ನಗರಸಭೆ, ಮೂರನೇ ಟೇಬಲ್ಲು.
ಎಡಗಡೆ ಕಪಾಟು ಜನನ, ಬಲಗಡೆ ಮರಣ,
ನಡುವೆ ನಾನು, ನನ್ನ ಚಹಾದ ಬಸಿ.
ನಿವೃತ್ತಿಗೆ ಹನ್ನೊಂದು ದಿನ ಉಳಿದಿದ್ದಾಗ
ಆಕೆ ಬಂದಳು, ಅಫಿಡವಿಟ್ಟು ಹಿಡಿದು.

"ಸರ, ಸಾಲ್ಯಾಗ ನಾ ಐರೀನಿ, ಆಧಾರದಾಗ ಐರಿನ್,
ಬ್ಯಾಂಕಿನ್ಯಾಗ ಐರನ್, ಇಸ್ತ್ರಿಪೆಟ್ಟಿಗಿಯಂಗ.
ನಿಮ್ಮ ರಿಜಿಸ್ಟರಿನ್ಯಾಗ ಮಾತ್ರ
ಐರಾಣಿ."

ಹಾಳೆ ತಿರುವಿದೆ. ಎಂಬತ್ತಾರು, ಆಗಸ್ಟ್.
ಮಸಿ ಕಂದಿದೆ. ಬರಹ ನನ್ನದೇ.
ನೌಕರಿ ಸೇರಿದ ಹೊಸತು; ಆ ಣಕಾರದ ಸುರುಳಿ
ಅಪ್ಪನ ತಿಗರಿ ತಿರುಗಿದ ಹಾಗೆ.

ಕುಂಬಾರರ ಮನೆಯವನು ನಾನು.
ಮದುವೆಯ ಮುನ್ನಾದಿನ ನಮ್ಮ ಅಂಗಳಕ್ಕೆ ಬಾಜಾಬಜಂತ್ರಿ.
ಮುತ್ತೈದೆಯರು ತಿಗರಿಗೆ ಅರಿಸಿನ ಹಚ್ಚಿ
ಸುಣ್ಣ, ಕೆಮ್ಮಣ್ಣಿನ ಗೆರೆ ಎಳೆದ ಗಡಿಗೆಗಳನ್ನು
ತಲೆಯ ಮೇಲೆ ಹೊತ್ತು ಹೋಗುವರು.
ಐರಾಣಿ.
ಒಳಗ ಏನೈತಿ ಅಂತ ಇಣುಕಿದರೆ ಅವ್ವ ಗದರುವಳು:
"ಬರೇ ಗಡಿಗಿ ಅನಬ್ಯಾಡ, ಒಂದು ಮನೀನ ಐತಿ ಅದರಾಗ."

ಹಾಗಾಗಿ, ಮಿಶನ್ ದವಾಖಾನೆಯ ಕಂಪೌಂಡರ್
ಯೋನಪ್ಪ ಹಳ್ಯಾಳ ಸೈಕಲ್ಲು ಗೋಡೆಗೆ ಒರಗಿಸಿ
ಐರೀನಿ ಅಂದಾಗ, ಕಿವಿಗೆ ಬಿದ್ದದ್ದು ನನ್ನ ಮನೆಯ ಶಬ್ದ.
ಕ್ರಿಸ್ತರ ಕೂಸಿಗೆ ನಮ್ಮ ಗಡಿಗೆಯ ಹೆಸರು!
ಹಿಗ್ಗಿದೆ. ಕೇಳದೆ ಬರೆದೆ.

"ಗ್ರೀಕ ಮಾತ್ರೀ ಅದು. ಶಾಂತಿ ಅಂತ ಅರ್ಥ.
ಶಾಂತಿ ಅಂತ್ಲೇ ಇಡಬಹುದಿತ್ತು. ಆದ್ರ ಓಣ್ಯಾಗ
ಆಗಲೇ ಮೂರು ಮಂದಿ ಶಾಂತಿ ಇದ್ರು,
ಮೂರೂ ಜಗಳಗಂಟಿಯರು."
ಲಕ್ಷ್ಮೇಶ್ವರದ ಹೈಸ್ಕೂಲಿನಲ್ಲಿ ಇತಿಹಾಸ ಕಲಿಸುತ್ತಾಳಂತೆ.
ಟೇಬಲ್ಲಿನ ಧೂಳಿನ ಮೇಲೆ ಬೆರಳಾಡಿಸುತ್ತ ಹೇಳಿದಳು:

"ಮೂವರು ಅಕ್ಕತಂಗೇರು, ಋತುಗಳ ಬಾಗಿಲಾ ಕಾಯೋರು.
ಒಬ್ಬಾಕಿ ಕಟ್ಟಳೆ, ಒಬ್ಬಾಕಿ ನ್ಯಾಯ,
ಈಕಿ ಶಾಂತಿ.
ಬಡದಾಡಿ ದಣಿದ ಅಥೆನ್ಸಿನ ಮಂದಿ
ಸಂತಿ ಕೂಡೋ ಬೈಲಾಗ ಈಕೀದೊಂದು ಮೂರ್ತಿ ನಿಲ್ಲಿಸಿದ್ರು.
ಎಡಗೈ ಮ್ಯಾಲ ಒಂದು ಗಂಡುಕೂಸು.
ಕೂಸಿನ ಹೆಸರು ಸಂಪತ್ತು."

ಗಡಿಗೆ ಹೊತ್ತ ಹೆಂಗಸರು ಕಣ್ಣಮುಂದೆ ಹಾದರು.
ನಾನು ಏನೂ ಅನ್ನಲಿಲ್ಲ.

"ಮುಂದ ಸಾವಿರ ವರ್ಷ ಕಳದ ಮ್ಯಾಲ
ಅದ ಹೆಸರಿನ ರಾಣಿ ಒಬ್ಬಾಕಿ, ತಾನ ಆಳಬೇಕಂತ,
ಹಡದ ಮಗನ ಕಣ್ಣು ಕೀಳಿಸಿದ್ಲು.
ಹೆಸರು ಏನ್ ಮಾಡೀತ್ರೀ, ಪಾಪ."

ಹೌದು. ನಮ್ಮಲ್ಲಿಂದ ಐರಾಣಿ ಒಯ್ದ ಮನೆಯೊಂದರ ಸೊಸೆಯನ್ನು
ವರ್ಷ ತುಂಬುವುದರೊಳಗೆ
ಬಲಗಡೆ ಕಪಾಟಿನಲ್ಲಿ ಬರೆದಿದ್ದೇನೆ.
ಕಾರಣ: ಸ್ಟೋವ್.

ತಪ್ಪೊಪ್ಪಿಕೊಂಡೆ. ಅಪ್ಪ, ತಿಗರಿ, ಕಿವಿ, ಎಲ್ಲ ಹೇಳಿದೆ.
ಆಕೆ ಬಹಳ ಹೊತ್ತು ರಿಜಿಸ್ಟರನ್ನೇ ನೋಡಿದಳು.
"ಗಡಿಗಿ ಇನ್ನೂ ಮಾಡ್ತಾರೇನ್ರಿ?"
"ತಮ್ಮನ ಮಗ ಮಾಡ್ತಾನ. ಕೆಮ್ಮಣ್ಣಿಲ್ಲ ಈಗ,
ಆಯಿಲ್ ಪೇಂಟು."

ತಿದ್ದುವುದಕ್ಕೂ ನಿಯಮವಿದೆ.
ಕೆರೆಯಬಾರದು, ಬಿಳಿ ಮಸಿ ಬಳಿಯಬಾರದು.
ಕೆಂಪಿನಲ್ಲಿ ಒಂದೇ ಗೆರೆ; ಹೊಡೆದ ಅಕ್ಷರ
ಓದಲು ಬರುವಂತಿರಬೇಕು. ಮೇಲೆ ಹೊಸತು, ಪಕ್ಕಕ್ಕೆ ಸಹಿ.
ಬರೆದು ತೋರಿಸಿದೆ. ಎರಡನ್ನೂ ಓದಿದಳು ಬಾಯಿಬಿಟ್ಟು,
ಹಳೆಯದು ಮೊದಲು.

ಆಮೇಲೆ ಚೀಲದಿಂದ ಇನ್ನೊಂದು ಫಾರಂ ತೆಗೆದಳು.
"ಅಪ್ಪಾರು ಹೋದ್ರು ಸರ, ಮಂಗಳವಾರ.
ಮಗಳು ನಾನ ಅಂತ ಮೊದಲು ಕಾಗದ ಆಗಬೇಕಿತ್ತು."

ಎದ್ದು ಬಲಗಡೆ ಕಪಾಟು ತೆರೆದೆ.
ಬೀಗ ಯಾಕೋ ಬಿಗಿ.
ಪೆನ್ನು ಮುಟ್ಟುವ ಮೊದಲು, ಮೂವತ್ತೆಂಟು ವರ್ಷ ತಡವಾಗಿ,
ಕೇಳಿದೆ: "ಯೋನಪ್ಪ. ಅಕ್ಷರ ಹೇಳ್ರಿ.
ಅರ್ಥಾನೂ ಹೇಳ್ರಿ."

ಅಕ್ಷರ ಹೇಳಿದಳು. ಕಿಟಕಿಯಾಚೆ ನೋಡಿದಳು.
"ಯೋನ ಅಂದ್ರ
ಪಾರಿವಾಳ ಅಂತ್ರಿ."

ಅದಕ್ಕೆ ಕಾಲಂ ಇಲ್ಲ.
ಅಂಚಿನಲ್ಲಿ, ಪೆನ್ಸಿಲ್ಲಿನಲ್ಲಿ, ಸಣ್ಣಗೆ ಬರೆದಿಟ್ಟೆ.